ರುಜುವಿಲ್ಲದ ತೊಂಬತ್ತನಾಲ್ಕು ದಿನ

ಹುಣಸೂರಿನ ಕಚೇರಿಯ ಬೆಂಚಿನ ಮೇಲೆ ಕೂತಲ್ಲೇ ಚಿಕ್ಕಮಾದುವಿಗೆ ಜೊಂಪು ಹತ್ತಿತ್ತು. ತಲೆಯ ಮೇಲಿನ ಫ್ಯಾನಿನ ಸದ್ದು ಮೆಲ್ಲಮೆಲ್ಲಗೆ ನೀರಿನ ಸದ್ದಾಯಿತು. ಕೆ.ಆರ್. ನಗರದ ಕಡೆಯ ನಾಲೆ, ಎರಡೂ ಪಕ್ಕ ತೂಗುವ ಭತ್ತ, ಅದರ ಮೇಲೆ ತೇಲುವ ಬೆಳ್ಳಕ್ಕಿ. ಇಪ್ಪತ್ತೆಂಟು ವರ್ಷ ಅವನು ಆ ನಾಲೆಯ ನೀರುಗಂಟಿ. ತೂಬು ಎತ್ತಬೇಕು, ಇಳಿಸಬೇಕು, ಅಳತೆಗಲ್ಲಿನಲ್ಲಿ ನೀರು ಎಷ್ಟಕ್ಕೆ ಬಂತೆಂದು ಪುಸ್ತಕದಲ್ಲಿ ಬರೆದು ಪಕ್ಕದಲ್ಲಿ ರುಜು ಹಾಕಬೇಕು. ಅಷ್ಟೇ ಕೆಲಸ, ಅಷ್ಟೇ ಬದುಕು.

"ಏನ್ರೀ, ಏಳಿ! ಪಿಂಚಣಿ ಕೇಳಕ್ ಬಂದೋರು ಗೊರಕೆ ಒಡೀತವ್ರೆ ಅಂತ ನಗ್ತಾರೆ," ಎಂದು ಹೆಂಡತಿ ಪುಟ್ಟಸಿದ್ದಮ್ಮ ತಿವಿದಳು.

ಕಣ್ಣಿಗೆ ಪೊರೆ ಬಂದು ಅಳತೆಗಲ್ಲಿನ ಗೆರೆಗಳು ಒಂದರೊಳಗೊಂದು ಕರಗತೊಡಗಿದಾಗ ಚಿಕ್ಕಮಾದು ಕೆಲಸ ಬಿಡುವ ಅರ್ಜಿ ಬರೆದಿದ್ದ. ಗೊತ್ತಿದ್ದ ಪದ ಒಂದೇ, ರಾಜೀನಾಮೆ. ಅದನ್ನೇ ಬರೆದ. ಸ್ವಯಂ ನಿವೃತ್ತಿ ಎಂದು ಬರೆದು ಮೂರು ತಿಂಗಳ ನೋಟಿಸು ಕೊಟ್ಟಿದ್ದರೆ ಪಿಂಚಣಿ ಬರುತ್ತಿತ್ತಂತೆ. ರಾಜೀನಾಮೆ ಕೊಟ್ಟವನ ಹಳೆಯ ಸೇವೆಯೆಲ್ಲ ಲೆಕ್ಕಕ್ಕಿಲ್ಲವಂತೆ. ಇವತ್ತು ಅವನ ಮೇಲ್ಮನವಿಯ ಕೊನೆಯ ವಿಚಾರಣೆ.

ಇಬ್ಬರನ್ನೂ ಒಳಗೆ ಕರೆದ ಅಧಿಕಾರಿ ಆಶಾರಾಣಿ ನಾಲೆಯ ಪುಸ್ತಕ ತರಿಸಿಟ್ಟಿದ್ದರು. "ಯಜಮಾನ್ರೇ, ಅರ್ಜಿ ಕೊಟ್ಟ ಮೇಲೂ ಮೂರು ತಿಂಗಳು ಕೆಲಸ ಮಾಡಿದ್ರು ಅಂತ ನಿಮ್ಮ ಮನೆಯವ್ರು ಮೇಲ್ಮನವೀಲಿ ಬರೆಸಿದ್ದಾರೆ. ಅಕ್ಷರ ನಿಮ್ದೇನಾ ನೋಡಿ," ಎಂದವರು ಫೋನು ಬಂದದ್ದರಿಂದ ಹೊರಗೆ ಹೋದರು.

ಚಿಕ್ಕಮಾದು ಪುಸ್ತಕವನ್ನು ಕಣ್ಣಿನ ಹತ್ತಿರ ಹಿಡಿದು ಪುಟ ತಿರುವಿದ. ಅಕ್ಷರ ತನ್ನದೇ. ಆ ದಿನಗಳಲ್ಲಿ ಕಣ್ಣನ್ನು ನಂಬದೆ, ಮೆಟ್ಟಿಲಿಳಿದು, ತಣ್ಣನೆಯ ನೀರಿನಲ್ಲಿ ಕೈಯಿಟ್ಟು, ಕಲ್ಲಿನ ಗೀರುಗಳನ್ನು ಬೆರಳಿನಲ್ಲಿ ಎಣಿಸಿ ಬರೆದದ್ದು. ಆದರೆ ರುಜುವಿನ ಜಾಗ ಪುಟಪುಟಕ್ಕೂ ಖಾಲಿ.

ಪುಟ್ಟಸಿದ್ದಮ್ಮ ಎದೆ ಹಿಡಿದುಕೊಂಡಳು. "ಅಯ್ಯೋ, ರುಜುನೇ ಇಲ್ವಲ್ರೀ! ಪೆನ್ನು ಇಲ್ಲೇ ಅದೆ. ಆಯಮ್ಮ ಬರೋದ್ರೊಳ್ಗೆ ಒಂದೊಂದ್ ಗೀಟು ಎಳ್ದುಬುಡಿ."

"ಸುಮ್ಕಿರಮ್ಮಿ."

"ಪುಗಸಟ್ಟೆ ನೀರು ಕಾಯೋಕೆ ಕೈ ನೋಯ್ನಿಲ್ಲ, ಪೆನ್ನು ಎತ್ತಕ್ಕೆ ನೋಯ್ತದಾ?"

ಅವನು ಪೆನ್ನು ಎತ್ತಿಕೊಂಡ. ಖಾಲಿ ಜಾಗಗಳು ಸಾಲಾಗಿ, ನೀರು ಇನ್ನೂ ಮುಟ್ಟದ ಗದ್ದೆಗಳ ಹಾಗೆ ಕಂಡವು. ಎಷ್ಟು ಹೊತ್ತು ನೋಡುತ್ತ ಕೂತನೋ! ಬಾಗಿಲು ಸದ್ದಾದಾಗ ಪೆನ್ನನ್ನು ಮೇಜಿನ ಮೇಲಿಟ್ಟ. ಪುಟ್ಟಸಿದ್ದಮ್ಮ ಮುಖ ತಿರುಗಿಸಿಕೊಂಡಳು.

"ರುಜು ಯಾಕಿಲ್ಲ?" ಆಶಾರಾಣಿ ಕೇಳಿದರು.

"ರಾಜೀನಾಮೆ ಕೊಟ್ಟೋನು ಸರ್ಕಾರದ ಬುಕ್ಕಲ್ಲಿ ರುಜು ಆಕದು ತಪ್ಪಲ್ವಾ ಅವ್ವ? ಅದ್ಕೇ ಬರೀ ಅಳತೆ ಬರ್ದೆ."

"ಮತ್ತೆ ಕೆಲಸಕ್ಕೆ ಬನ್ನಿ ಅಂತ ಯಾರು ಹೇಳಿದ್ರು?"

"ಯಾರೂ ಏಳ್ನಿಲ್ಲ. ಒಸಬ ಬಂದಿರ್ನಿಲ್ಲ, ಭತ್ತ ಆಗಿನ್ನೂ ನಾಟಿ ಆಗಿತ್ತು. ತೂಬು ಬುಟ್ಟು ಮನೇಲಿ ಕುಂತ್ಕಳಕಾಯ್ತದಾ?"

ಆಶಾರಾಣಿ ಪುಟಗಳನ್ನು ಎಣಿಸಿದರು. ತೊಂಬತ್ತನಾಲ್ಕು ದಿನ. ಸಂಬಳ ಪಡೆದದ್ದಕ್ಕೆ ದಾಖಲೆಯಿಲ್ಲ, ತಪ್ಪಿಸಿದ ದಿನವೂ ಇಲ್ಲ. ಕಿಟಕಿಯ ಬಿಸಿಲು ಮೇಜಿನ ಮೇಲೆ ಅಲೆಯಂತೆ ಆಡುತ್ತಿತ್ತು.

"ಬಿಟ್ಟು ಹೋಗೋರು ಹೀಗೆ ಬಿಟ್ಟು ಹೋಗಲ್ಲ ಯಜಮಾನ್ರೇ. ಈ ದಿನಗಳನ್ನ ನೋಟಿಸಿನ ಅವಧಿ ಅಂತ ತಗೋತೀನಿ. ಸ್ವಯಂ ನಿವೃತ್ತಿ ಅಂತಲೇ ಆದೇಶ ಮಾಡ್ತೀನಿ." ಅವರು ಒಂದು ಹಾಳೆಯಲ್ಲಿ ನಾಲ್ಕು ಸಾಲು ಬರೆದು ಮುಂದೆ ಸರಿಸಿದರು. "ಈ ಅಳತೆಗಳನ್ನ ಬರೆದೋನು ನಾನೇ ಅನ್ನೋ ಹೇಳಿಕೆ ಇದು. ಇವತ್ತಿನ ತಾರೀಖು ಬರೆದು ರುಜು ಹಾಕಿ."

ಚಿಕ್ಕಮಾದು ಅನುಮಾನಿಸಿದ. "ಇವತ್ತು ಆಕಬೋದಾ ಅವ್ವ?"

"ಧಾರಾಳವಾಗಿ. ಈಗ ನೀವು ನಿವೃತ್ತ ನೌಕರರು."

ಪುಟ್ಟಸಿದ್ದಮ್ಮ ಕಣ್ಣೊರೆಸಿಕೊಂಡು ಬಗ್ಗಿ ನೋಡಿದಳು. "ನಾಚ್ಕೊಂಡು ಸಣ್ಣಕ್ಕೆ ಆಕ್ಬ್ಯಾಡಿ. ಕಾಣಂಗಾಕಿ."