ಏಳನೇ ಪ್ರಶ್ನೆಗೆ ಕೋಳಿಗಳ ಉತ್ತರ

ನನ್ನ ಕೈಯಲ್ಲಿದ್ದ ನಮೂನೆಯಲ್ಲಿ ಹನ್ನೆರಡು ಪ್ರಶ್ನೆಗಳಿದ್ದವು. ಮೊದಲ ಆರಕ್ಕೆ ಉತ್ತರಿಸಲು ಹಫ್ಸ ಒಂದು ಗಂಟೆ ತೆಗೆದುಕೊಂಡರು. ಏಳನೆಯದಕ್ಕೆ ಮೂರು ಪದ ಸಾಕಾಯಿತು.

ಕನ್ಯಾನದಲ್ಲಿ ಅವರ ರೊಟ್ಟಿ ಘಟಕದ ಜಗಲಿಯಲ್ಲಿ ನಾವು ಕುಳಿತಿದ್ದೆವು. ರೊಟ್ಟಿ ಎಂದರೆ ನಮ್ಮ ಕಡೆಯ ರೊಟ್ಟಿ. ಅರೆದ ಕುಚ್ಚಲಕ್ಕಿಯನ್ನು ಕಾದ ಕಾವಲಿಯ ಮೇಲೆ ತೆಳ್ಳಗೆ ಎಳೆದು, ಕಾಗದದಂತೆ ಗರಿಗರಿಯಾಗಿ ಒಣಗಿಸಿದ್ದು. ಕೋಳಿ ಸಾರು ಸುರಿದರೆ ಮೆತ್ತಗಾಗುತ್ತದೆ, ಬೆರಳು ತಾಗಿದರೆ ಮುರಿಯುತ್ತದೆ. ಒಳಗೆ ಗ್ಯಾಸಿನ ಉರಿಯ ಮೇಲೆ ದುಂಡನೆಯ ಕಾವಲಿಯೊಂದು ತಿರುಗುತ್ತಿತ್ತು. ನಾಲ್ವರು ಹೆಂಗಸರು ರೊಟ್ಟಿ ಎಬ್ಬಿಸಿ, ಜೋಡಿಸಿ, ಪ್ಯಾಕೆಟ್ಟಿಗೆ ಹಾಕುತ್ತಿದ್ದರು.

ಮೂಡುಬಿದಿರೆಯ ಕಾಲೇಜಿನಲ್ಲಿ ಮೂವತ್ತೊಂದು ವರ್ಷ ಭೌತಶಾಸ್ತ್ರ ಕಲಿಸಿ ನಿವೃತ್ತನಾದವನು ನಾನು. ಮನೆಯಲ್ಲಿ ಕುಳಿತು ಬೇಸರವಾದ್ದರಿಂದ ಬಿ.ಸಿ.ರೋಡಿನ ಒಂದು ಬಂಡವಾಳ ನಿಧಿಗೆ ಈ ಕೆಲಸ ಮಾಡಿಕೊಡುತ್ತೇನೆ. ಗಲ್ಫಿನಲ್ಲಿ ವ್ಯಾಪಾರ ಮಾಡುವ ನಮ್ಮೂರಿನ ಹದಿನಾಲ್ಕು ಮಂದಿ ಸೇರಿ ಕಟ್ಟಿದ ನಿಧಿ ಅದು. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಕಡೆಯ ಸಣ್ಣ ಉದ್ಯಮಗಳಲ್ಲಿ ಅವರು ಪಾಲು ಹಾಕುತ್ತಾರೆ. ಹಾಕುವ ಮೊದಲು ನಾನು ಹೋಗಿ ನೋಡಿ, ಕೇಳಿ, ಎರಡು ಪುಟ ಬರೆದು ಕೊಡಬೇಕು. ನಮೂನೆ ಮಾತ್ರ ಎಲ್ಲೋ ಹೊರದೇಶದಲ್ಲಿ ತಯಾರಾದದ್ದು. ತಲೆಬರಹ, ‘ಹೂಡಿಕೆಯ ವಾತಾವರಣ’.

ಹಫ್ಸರಿಗೆ ಎರಡನೇ ಕಾವಲಿ ಬೇಕಿತ್ತು. ಮೂಡುಬಿದಿರೆಯ ಅಡುಗೆ ಗುತ್ತಿಗೆದಾರರೊಬ್ಬರು ಮದುವೆ ಕಾಲಕ್ಕೆ ದಿನಕ್ಕೆ ಇನ್ನೂರು ಪ್ಯಾಕೆಟ್ ಕೇಳಿದ್ದರು. ಒಂದು ಕಾವಲಿಯಿಂದ ಅದು ಆಗುವ ಮಾತಲ್ಲ. ತಿಂಗಳ ಕೊನೆಯೊಳಗೆ ಹೌದು ಅಥವಾ ಇಲ್ಲ ಎನ್ನಬೇಕಿತ್ತು. ಇಲ್ಲವೆಂದರೆ ಅವರು ಬೇರೆ ಕಡೆ ಹೋಗುತ್ತಿದ್ದರು.

“ವಿದ್ಯುತ್ ಸಂಪರ್ಕ ಪಡೆಯಲು ಎಷ್ಟು ದಿನ ಬೇಕಾಯಿತು?” ಇದು ನಾಲ್ಕನೇ ಪ್ರಶ್ನೆ.

“ಮುನ್ನೂರ ಎಂಬತ್ತೊಂದು ದಿನ ಮಾಷ್ಟ್ರೆ,” ಎಂದರು ಹಫ್ಸ, ಬಾಯಿಪಾಠ ಒಪ್ಪಿಸುವವರಂತೆ. “ಕಂಬ ಬಂತು, ಮಾರ್ಗದ ಬದಿಯಲ್ಲಿ ಮಲಗಿತು. ಗುಂಡಿ ತೋಡ್ಲಿಕ್ಕೆ ಜನ ಇಲ್ಲ ಹೇಳಿದ್ರು. ನಾನೇ ತೋಡಿಸಿದೆ. ಆಮೇಲೆ ಬಂದವರು ಹೇಳಿದ್ರು, ಗುಂಡಿ ಮೂರು ಅಡಿ ಆಚೆ ಆಗ್ಬೇಕಿತ್ತು ಅಂತ. ಇನ್ನೊಂದು ತೋಡಿಸಿದೆ. ಮೊದಲಿನ ಗುಂಡಿಯಲ್ಲಿ ಬಾಳೆ ನೆಟ್ಟೆ. ಕಂಬಕ್ಕೆ ತಂತಿ ಬರುವ ಮೊದಲು ಬಾಳೆ ಗೊನೆ ಹಾಕಿತು. ಬರೆಯಿರಿ.”

ಬರೆದೆ. ಹೀಗೆಯೇ ರಸ್ತೆ, ಪರವಾನಿಗೆ, ಗ್ಯಾಸು ಎಲ್ಲವೂ ದಿನಾಂಕ ಸಹಿತ ಬಂದವು. ಏಳನೆಯದು ಬಂತು. ‘ಉದ್ಯಮ ಈಗ ಹೇಗೆ ನಡೆಯುತ್ತಿದೆ? ಮಾಲೀಕರ ಮಾತಿನಲ್ಲೇ ಬರೆಯಿರಿ. ಮೂವರು ನೆರೆಯವರನ್ನೂ ಕೇಳಿ.’

ಹಫ್ಸ ತಲೆಯ ಮೇಲಿನ ಶಾಲು ಸರಿಮಾಡಿಕೊಂಡರು. ಬಾಗಿಲ ಕಡೆ ಒಮ್ಮೆ ನೋಡಿದರು.

“ಹೇಗೋ ನಡೀತಾ ಉಂಟು.”

ಪಕ್ಕದ ಮನೆಯ ಅಮ್ಮಣ್ಣಿಯನ್ನು ಕೇಳಿದೆ. ಊರಿಗೆಲ್ಲ ಅಮ್ಮಣ್ಣಕ್ಕ ಅವರು. “ಪಾಪ, ಗಂಡ ಸೌದಿಯ ದಮಾಮಿನಲ್ಲಿ. ಇವಳೊಬ್ಬಳೇ ಒದ್ದಾಡ್ತಾಳೆ. ಎಂತ ಮಾಡುದು,” ಎಂದರು. ಎದುರಿನ ಜೀನಸು ಅಂಗಡಿಯ ಶೀನಪ್ಪ, “ವ್ಯಾಪಾರ ಯಾರಿಗುಂಟು ಈಗ ಮಾರಾಯ್ರೆ?” ಎಂದರು. ಹಫ್ಸರ ರೊಟ್ಟಿಯನ್ನು ಬಿ.ಸಿ.ರೋಡಿಗೆ ಮುಟ್ಟಿಸುವ ಖಾಸಗಿ ಬಸ್ಸಿನ ಕಂಡಕ್ಟರ್ ಶೋಧನ್, “ಅವರದ್ದಾ? ಹೀಗೇ, ದಿನ ಹೋಗ್ತದೆ,” ಎಂದ. ನಾಲ್ಕನ್ನೂ ಅಕ್ಷರ ಬದಲಿಸದೆ ಬರೆದೆ. ಅಳೆದದ್ದನ್ನು ಅಳೆದಂತೆಯೇ ಬರೆಯಬೇಕೆಂದು ಮಕ್ಕಳಿಗೆ ಮೂವತ್ತೊಂದು ವರ್ಷ ಹೇಳಿದವನಲ್ಲವೇ ನಾನು!

ಮಂಗಳವಾರ ನಿಧಿಯ ಕಚೇರಿಯಿಂದ ಭವ್ಯಶ್ರೀ ಫೋನ್ ಮಾಡಿದಳು. ಕಚೇರಿಯನ್ನು ನಡೆಸುವವಳು ಅವಳೇ. ಹಿಂದೆ ನನ್ನ ತರಗತಿಯಲ್ಲಿ ಎರಡನೇ ಬೆಂಚಿನಲ್ಲಿ ಕೂರುತ್ತಿದ್ದವಳು.

“ಸರ್, ನಿಮ್ಮ ವರದಿ ಓದಿದೆ. ಇದು ಬಾಗಿಲು ಹಾಕುವ ಅಂಗಡಿಯ ವರದಿ ಅಲ್ವಾ?”

“ಇಲ್ಲಮ್ಮ. ಅಲ್ಲಿ ಕೆಲಸ ಜೋರಾಗಿಯೇ ಉಂಟು.”

“ನೀವು ಬರೆದದ್ದರಲ್ಲಿ ಇಲ್ಲ. ಮಾಲೀಕರೇ ಹೇಗೋ ಅಂತಾರೆ. ನೆರೆಯವರು ಪಾಪ ಅಂತಾರೆ. ಶನಿವಾರ ಸಭೆ ಉಂಟು ಸರ್. ಬೇರೆ ಎಂತಾದರೂ ಇದ್ದರೆ ತನ್ನಿ. ಇಲ್ಲದಿದ್ದರೆ ಇದು ಬಿದ್ದುಹೋಗ್ತದೆ.”

ಫೋನ್ ಇಟ್ಟು ನನ್ನ ಹಳೆಯ ವರದಿಗಳ ಕಟ್ಟು ಬಿಚ್ಚಿದೆ. ಹನ್ನೆರಡು ಘಟಕಗಳು. ಏಳನೇ ಉತ್ತರವನ್ನು ಮಾತ್ರ ಒಂದರ ಕೆಳಗೊಂದು ಬರೆದು ನೋಡಿದೆ. ಎರಡು ಪಟ್ಟು ಬೆಳೆದ ನಾರಾವಿಯ ತೆಂಗಿನೆಣ್ಣೆ ಮಿಲ್ಲಿನವರೂ ‘ಹೀಗೇ ಉಂಟು’ ಎಂದಿದ್ದರು. ಆರು ತಿಂಗಳಲ್ಲಿ ಮುಚ್ಚಿಹೋದ ಬೆಳ್ತಂಗಡಿಯ ಮಿಠಾಯಿ ಘಟಕದವರೂ ‘ಹೀಗೇ ಉಂಟು’ ಎಂದಿದ್ದರು. ಹನ್ನೆರಡಕ್ಕೆ ಹನ್ನೆರಡೂ ಒಂದೇ. ಏನಿಟ್ಟರೂ ಮುಳ್ಳು ಅಲುಗದ ತಕ್ಕಡಿಯನ್ನು ಹಿಡಿದುಕೊಂಡು ನಾನು ಮೂರು ತಾಲೂಕು ಸುತ್ತಿದ್ದೆ.

ನನಗೆ ಇದು ಗೊತ್ತಿರಲಿಲ್ಲವೇ? ಗೊತ್ತಿತ್ತು. ನಮ್ಮಲ್ಲಿ ವ್ಯಾಪಾರ ಚೆನ್ನಾಗಿದೆ ಎಂದು ಬಾಯಿಬಿಟ್ಟು ಹೇಳುವವರಿಲ್ಲ. ಹೇಳಿದರೆ ಕಣ್ಣು ಬೀಳುತ್ತದೆ. ನೆರೆಯವರು ಒಳ್ಳೆಯವರಾದಷ್ಟೂ ಇನ್ನೂ ಗಟ್ಟಿಯಾಗಿ ‘ಪಾಪ’ ಎನ್ನುತ್ತಾರೆ. ಅದೊಂದು ಬಗೆಯ ಕಾವಲು. ನನ್ನ ಅಮ್ಮನೂ ನಾನು ಮೊದಲ ದರ್ಜೆಯಲ್ಲಿ ಪಾಸಾದಾಗ ಊರವರಿಗೆ ‘ಹೇಗೋ ಪಾಸಾದ’ ಎಂದೇ ಹೇಳಿದ್ದು. ಜಗಲಿಯಲ್ಲಿ ಕುಳಿತು ಹಫ್ಸರ ಮಾತು ಕೇಳಿದಾಗ ಅದರ ಅರ್ಥ ನನಗೆ ಸರಿಯಾಗಿಯೇ ಆಗಿತ್ತು. ಬರೆಯುವಾಗ ಮಾತನ್ನಷ್ಟೇ ಬರೆದು, ಅರ್ಥವನ್ನು ಜಗಲಿಯಲ್ಲೇ ಬಿಟ್ಟು ಬಂದಿದ್ದೆ. ತಪ್ಪು ನನ್ನದು. ನಷ್ಟ ಮಾತ್ರ ಹಫ್ಸರಿಗೆ ಆಗುವುದಿತ್ತು.

ಗುರುವಾರ ಬೆಳಿಗ್ಗೆ ಮತ್ತೆ ಹೊರಟೆ. ಬಿ.ಸಿ.ರೋಡಿನಲ್ಲಿ ಶೋಧನ್‌ನ ಬಸ್ಸೇ ಸಿಕ್ಕಿತು. ಕನ್ಯಾನಕ್ಕೆ ಹೋಗುವಾಗ ಖಾಲಿ ಇದ್ದ ಹಿಂದಿನ ಸೀಟಿನಲ್ಲಿ ಕುಳಿತೆ. ಕನ್ಯಾನದಲ್ಲಿ ಇಳಿದು ಚಾ ಕುಡಿದು ನೋಡುತ್ತೇನೆ, ಬಸ್ಸು ತಿರುಗಿ ನಿಂತಿದೆ, ಅದೇ ಸೀಟಿನಲ್ಲಿ ಕೂತಿದ್ದ ಇಬ್ಬರನ್ನು ಶೋಧನ್ ಎಬ್ಬಿಸುತ್ತಿದ್ದಾನೆ.

“ಏಳಿ ಏಳಿ, ಅದು ರೊಟ್ಟಿ ಸೀಟು.”

“ಎಂತದ್ದು ಮಾರಾಯ, ರೊಟ್ಟಿ ಟಿಕೆಟ್ ತೆಗೆದಿದೆಯಾ?”

“ನಿಮ್ಮನ್ನು ಬಸ್ಸಿನ ಮೇಲೆ ಹಾಕಿದರೆ ನೀವು ಮುರಿಯುವುದಿಲ್ಲ. ಅದು ಮುರೀತದೆ. ಏಳಿ.”

ಹಿಂದಿನ ಸೀಟಿನ ಉದ್ದಕ್ಕೂ ಪೆಟ್ಟಿಗೆಗಳು ಕೂತವು. ಎಣಿಸಿದೆ, ಹದಿನಾಲ್ಕು.

“ಶೋಧನ್, ಹೋದ ವರ್ಷ ಈ ಪೆಟ್ಟಿಗೆಗಳನ್ನು ಎಲ್ಲಿ ಇಡ್ತಿದ್ದೆ?”

“ಹೋದ ವರ್ಷವಾ? ಡ್ರೈವರ್ ಹಿಂದೆ ಒಂದು ಮೂಲೆ ಉಂಟಲ್ಲ, ಅಲ್ಲಿ. ಮೂರು ಹಿಡೀತಿತ್ತು.”

“ಹಾಗಾದರೆ ಹಫ್ಸರ ವ್ಯಾಪಾರ?”

“ಅಯ್ಯೋ ಪಾಪ, ಹೀಗೇ,” ಎಂದು ಅವನು ರೈಟ್ ಹೊಡೆದ.

ಹದಿನಾಲ್ಕು ಪೆಟ್ಟಿಗೆ ಬಲವಾದ ಸಾಕ್ಷಿಯೇ. ಆದರೂ ಒಂದೇ ದಿನದ ಒಂದೇ ಅಳತೆಯನ್ನು ನಂಬುವ ಅಭ್ಯಾಸ ನನಗಿಲ್ಲ. ಆ ದಿನ ಯಾರದೋ ಮದುವೆ ಇದ್ದಿರಬಹುದು. ಇನ್ನೊಂದು ಸಾಕ್ಷಿ ಹುಡುಕುತ್ತ ಹಫ್ಸರ ಅಂಗಳಕ್ಕೆ ಹೋದಾಗ ಒಂದು ಹುಂಜ ನನ್ನ ಚಪ್ಪಲಿ ಕುಕ್ಕಿತು. ಅದರ ಹಿಂದೆ ಒಂದು ಹೇಂಟೆ, ಹೇಂಟೆಯ ಹಿಂದೆ ಮರಿಗಳು. ಬೇಲಿಯಾಚೆ ನೋಡಿದರೆ ಅಮ್ಮಣ್ಣಕ್ಕನ ಹಿತ್ತಲಿನ ತುಂಬ ಕೋಳಿಗಳು. ಅಮ್ಮಣ್ಣಕ್ಕ ಒಂದು ಚೀಲದಿಂದ ಬಿಳಿ ಚೂರುಗಳನ್ನು ಎರಚುತ್ತಿದ್ದರು.

“ಅದೆಂತದು ಅಮ್ಮಣ್ಣಕ್ಕ?”

“ರೊಟ್ಟಿ ಪುಡಿ. ಮುರಿದದ್ದನ್ನು ಹಫ್ಸ ಬಿಸಾಡುವುದಿಲ್ಲ, ನನಗೆ ಕೊಡ್ತಾಳೆ. ಕೋಳಿಗೆ ಒಳ್ಳೇದು.”

“ಕೋಳಿ ಎಷ್ಟುಂಟು?”

ಅವರು ಚೀಲ ಕೆಳಗಿಟ್ಟು ನನ್ನನ್ನು ಅನುಮಾನದಿಂದ ನೋಡಿದರು. “ಉಂಟು, ನಾಲ್ಕೋ ಐದೋ.”

ನಾನು ಬೇಲಿಯ ಹತ್ತಿರ ನಿಂತು ಎಣಿಸಿದೆ. ಕೋಳಿಗಳು ನಿಲ್ಲುವ ವಸ್ತುಗಳಲ್ಲವಾದ್ದರಿಂದ ಮೂರು ಸಲ ಎಣಿಸಿ ಸರಾಸರಿ ತೆಗೆದೆ. ಮರಿ ಬಿಟ್ಟು ನಲವತ್ತೊಂದು.

“ಎರಡು ವರ್ಷದ ಹಿಂದೆ?”

“ಆಗ ನಿಜವಾಗಿಯೂ ಐದೇ ಇದ್ದದ್ದು ಮಾಷ್ಟ್ರೆ,” ಎಂದು ಅವರು ನಕ್ಕುಬಿಟ್ಟರು. “ಆಗ ವಾರಕ್ಕೊಂದು ಚೀಲ ಪುಡಿ ಬರ್ತಿತ್ತು. ಈಗ ದಿನಾ ಒಂದು ಚೀಲ. ಸುಮ್ಮನೆ ಹಾಳು ಮಾಡುದು ಯಾಕೆ ಅಂತ ಕೋಳಿ ಹೆಚ್ಚು ಮಾಡಿದೆ.”

ಇಷ್ಟು ಕೇಳಿ ಕುಣಿಯಬಹುದಿತ್ತು. ಆದರೆ ಒಂದು ಸಂಶಯ ಉಳಿದಿತ್ತು. ಪುಡಿ ಹೆಚ್ಚಾದದ್ದು ರೊಟ್ಟಿ ಹೆಚ್ಚು ಮಾಡಿದ್ದರಿಂದಲೋ, ಹೆಚ್ಚು ಮುರಿಯುತ್ತಿರುವುದರಿಂದಲೋ? ಎರಡನೆಯದಾದರೆ ಆ ಕೋಳಿಗಳು ಹಫ್ಸರ ನಷ್ಟವನ್ನು ತಿಂದು ಕೊಬ್ಬಿದವು. ಒಳಗೆ ಹೋಗಿ, ಆ ದಿನದ ಒಳ್ಳೆಯ ರೊಟ್ಟಿ ಮತ್ತು ಮುರಿದ ರೊಟ್ಟಿಯನ್ನು ಬೇರೆ ಬೇರೆ ತೂಗಲು ಒಪ್ಪಿಗೆ ಕೇಳಿದೆ.

ಹಫ್ಸ ಸೊಂಟಕ್ಕೆ ಕೈಯಿಟ್ಟು ನಿಂತರು. “ಮುರಿದದ್ದನ್ನು ತೂಗುವವರನ್ನು ಇದೇ ಮೊದಲು ನೋಡುದು. ಎಲ್ಲರೂ ಒಳ್ಳೆಯದನ್ನು ತೂಗ್ತಾರೆ.”

“ನಿಮ್ಮ ಒಳ್ಳೆಯದನ್ನು ನೀವು ಹೇಳುವುದಿಲ್ಲವಲ್ಲ. ಹಾಗಾಗಿ ಮುರಿದದ್ದನ್ನು ಕೇಳ್ತೇನೆ.”

ಅವರು ಬಾಗಿಲ ಕಡೆ ನೋಡಿ ಮೆಲ್ಲಗೆ ನಕ್ಕರು. ತಕ್ಕಡಿ ಎಳೆದು ನನ್ನ ಮುಂದಿಟ್ಟರು.

ಸಂಜೆಯವರೆಗೆ ತೂಗಿದೆವು. ನೂರು ಕಿಲೋಗೆ ಮುರಿದದ್ದು ನಾಲ್ಕು ಕಿಲೋ. ಎರಡು ವರ್ಷದ ಹಿಂದೆ, ಈ ತಿರುಗುವ ಕಾವಲಿ ಬರುವ ಮೊದಲು, ಕೈಯಲ್ಲಿ ಎಳೆಯುತ್ತಿದ್ದಾಗ ಎಷ್ಟು ಎಂದು ಕೇಳಿದೆ. ಮುರಿದದ್ದರ ವಿಷಯವಾದ್ದರಿಂದ ಹಫ್ಸ ಸಂಕೋಚವಿಲ್ಲದೆ ಹೇಳಿದರು: ಹತ್ತಿರ ಹತ್ತಿರ ಎಂಟು. ಅಂದರೆ ಮುರಿಯುವುದು ಅರ್ಧಕ್ಕೆ ಇಳಿದರೂ ಪುಡಿ ಏಳು ಪಟ್ಟಾಗಿದೆ. ರೊಟ್ಟಿ ಅದಕ್ಕಿಂತಲೂ ಬಹಳ ಹೆಚ್ಚು ಬೆಳೆದಿದೆ. ಬಸ್ಸಿನ ಹಿಂದಿನ ಸೀಟು ಹೇಳಿದ್ದನ್ನೇ ಕೋಳಿಗಳೂ ಹೇಳಿದವು, ಇನ್ನಷ್ಟು ಗಟ್ಟಿಯಾಗಿ.

ಶನಿವಾರದ ಸಭೆಯಲ್ಲಿ ಭವ್ಯಶ್ರೀಯ ಮೇಜಿನ ಮೇಲೆ ಲ್ಯಾಪ್‌ಟಾಪ್ ಇತ್ತು. ಅದರೊಳಗೆ ನಿಧಿಯ ಅಧ್ಯಕ್ಷ ಅಬ್ದುಲ್ಲ ಹಾಜಿ. ಪಾಣೆಮಂಗಳೂರಿನವರು, ಶಾರ್ಜಾದಲ್ಲಿ ಜೀನಸು ಅಂಗಡಿ. ನನ್ನ ಹೊಸ ಪುಟಗಳನ್ನು ಓದಿ ಅವರು ಕನ್ನಡಕ ತೆಗೆದರು.

“ಮಾಷ್ಟ್ರೆ, ಕೋಳಿ ಎಲ್ಲ ಸರಿ. ಆದರೆ ಮಾಲೀಕರೇ ಹೇಗೋ ನಡೀತಾ ಉಂಟು ಅಂದ ಮೇಲೆ ನಾವು ಮುಂದೆ ಹೋಗುವುದು ಹೇಗೆ? ನಾಳೆ ಉಳಿದ ಹದಿಮೂರು ಮಂದಿ ನನ್ನನ್ನು ಕೇಳ್ತಾರೆ.”

“ಅದಕ್ಕೆ ಉತ್ತರ ಹೇಳ್ತೇನೆ ಹಾಜಿಯವರೇ. ಮೊದಲು ಒಂದು ಮಾತು. ಶಾರ್ಜಾದಲ್ಲಿ ನಿಮ್ಮ ವ್ಯಾಪಾರ ಈಗ ಹೇಗುಂಟು?”

ಹಾಜಿಯವರು ನಿಟ್ಟುಸಿರು ಬಿಟ್ಟರು. “ಎಂತ ಹೇಳುದು ಮಾಷ್ಟ್ರೆ. ಮೊದಲಿನ ಹಾಗೆ ಎಲ್ಲಿ? ಹೇಗೋ ನಡೀತಾ ಉಂಟು.”

ಭವ್ಯಶ್ರೀ ಬಾಯಿಗೆ ಕೈ ಅಡ್ಡ ಹಿಡಿದಳು. ಹಿಂದಿನ ವಾರವಷ್ಟೇ ಹಾಜಿಯವರ ನಾಲ್ಕನೇ ಅಂಗಡಿಯ ಉದ್ಘಾಟನೆಯ ಆಮಂತ್ರಣ ನಮ್ಮೆಲ್ಲರ ಮೊಬೈಲಿಗೆ ಬಂದಿತ್ತು. ಬಂಗಾರದ ಅಂಚು, ಮೂಲೆಯಲ್ಲಿ ಗುಲಾಬಿ.

“ಹಾಗಾದರೆ ನಾಲ್ಕನೆಯದನ್ನು ಮುಚ್ಚುತ್ತೀರಾ?” ಎಂದೆ.

ಪರದೆಯಲ್ಲಿ ಹಾಜಿಯವರ ಮುಖ ಅಲುಗಾಡದೆ ನಿಂತಿತು. ನೆಟ್‌ವರ್ಕ್ ಹೋಯಿತೇನೋ ಎಂದುಕೊಂಡೆವು. ಅಷ್ಟರಲ್ಲಿ ಅವರ ಭುಜ ಕುಣಿಯತೊಡಗಿತು. ನಕ್ಕು ನಕ್ಕು ಕಣ್ಣೊರೆಸಿಕೊಂಡರು.

“ಅಲ್ಲ ಮಾರಾಯ್ರೆ, ನನಗೇ ಗೊತ್ತಾಗ್ಲಿಲ್ಲ ನೋಡಿ! ಬಾಯಿಗೆ ಅದೇ ಬರ್ತದೆ. ನನ್ನ ಉಮ್ಮ ಐಸಮ್ಮ ಹಾಗೇ ಕಲಿಸಿದ್ದು.” ಮತ್ತೆ ಕನ್ನಡಕ ಹಾಕಿಕೊಂಡರು. “ಭವ್ಯಶ್ರೀ, ಬರೆ. ಕಾವಲಿ ತರಿಸುವ. ಮತ್ತೆ ಆ ಏಳನೇ ಪ್ರಶ್ನೆ ಉಂಟಲ್ಲ, ಅದನ್ನು ತೆಗೆದುಬಿಡು.”

“ತೆಗೆಯುವುದು ಬೇಡ,” ಎಂದೆ. “ಬದಲಾಯಿಸುವ. ‘ಹಾಳಾದದ್ದು ಎಷ್ಟು, ಅದು ಎಲ್ಲಿಗೆ ಹೋಗ್ತದೆ?’ ಅಂತ ಇರಲಿ. ಅದಕ್ಕೆ ಇಲ್ಲಿ ಯಾರೂ ಸುಳ್ಳು ಹೇಳುವುದಿಲ್ಲ.”

ಹೊಸ ಕಾವಲಿ ಬಂದು ಎರಡು ತಿಂಗಳಾದ ಮೇಲೆ ಕನ್ಯಾನಕ್ಕೆ ಹೋದೆ. ಗೊನೆ ಕಡಿದ ಬಾಳೆಯ ಬುಡದಲ್ಲಿ ಹೊಸ ಕಂದು ಎದ್ದಿತ್ತು. ಎರಡು ಕಾವಲಿಗಳೂ ತಿರುಗುತ್ತಿದ್ದವು, ಒಳಗೆ ಒಂಬತ್ತು ಮಂದಿ ಹೆಂಗಸರು. ಮೂಡುಬಿದಿರೆಯ ಪೆಟ್ಟಿಗೆಗಳಿಗೆ ಬಸ್ಸಿನ ಸೀಟು ಸಾಲದೆ ಒಂದು ಗೂಡ್ಸ್ ಆಟೋ ಅಂಗಳದಲ್ಲಿ ನಿಂತಿತ್ತು.

“ಹೇಗುಂಟು ಹಫ್ಸ ಅವರೇ?” ಎಂದೆ, ಕೇಳಬಾರದೆಂದು ಗೊತ್ತಿದ್ದೂ.

“ಹೇಗೋ ನಡೀತಾ ಉಂಟು ಮಾಷ್ಟ್ರೆ,” ಎಂದು ಹಫ್ಸ ಒಂದು ಪ್ಯಾಕೆಟ್ ರೊಟ್ಟಿ ನನ್ನ ಚೀಲಕ್ಕೆ ತುರುಕಿದರು. ಕಣ್ಣು ನಗುತ್ತಿತ್ತು.

ಹೊರಡುವಾಗ ಬೇಲಿಯಾಚೆಯಿಂದ ಅಮ್ಮಣ್ಣಕ್ಕ ಕರೆದರು. ಅವರ ಕೈಯಲ್ಲಿ ಭವ್ಯಶ್ರೀಯ ಕಚೇರಿಯ ಒಂದು ಖಾಲಿ ನಮೂನೆ ಇತ್ತು.

“ಮಾಷ್ಟ್ರೆ, ಕೋಳಿಗೂಡಿಗೆ ನಿಮ್ಮ ನಿಧಿಯವರು ಪಾಲು ಹಾಕ್ತಾರಾ? ಹಿತ್ತಲಿನಲ್ಲಿ ಜಾಗ ಸಾಲುದಿಲ್ಲ.”

“ಈಗ ಎಷ್ಟುಂಟು?”

“ಉಂಟು,” ಎಂದರು ಅಮ್ಮಣ್ಣಕ್ಕ, “ನಾಲ್ಕೋ ಐದೋ.”

ನಾನು ಜೇಬಿನಿಂದ ಪೆನ್ಸಿಲ್ ತೆಗೆದು ಬೇಲಿಯ ಹತ್ತಿರ ನಿಂತೆ.