ಅಳು ಬಾರದ ಶೂಟಿಂಗ್

ಶಿವಗಂಗಮ್ಮನ ಹತ್ತಿರ ಅಳು ಇರಲಿಲ್ಲ.

ಸುಡಾನಿನಲ್ಲಿ ಯುದ್ಧ ಶುರುವಾದಾಗ ಬಾಡಿಗೆ ಕೋಣೆಯಲ್ಲಿ ಹನ್ನೊಂದು ದಿನ ಮಂಚದ ಕೆಳಗೆ ಮಲಗಿದ್ದಳು. ನಲ್ಲಿ ನಿಂತ ಮೇಲೆ ಕಕ್ಕಸಿನ ಬಕೆಟ್ಟಿನ ನೀರು ಕಾಯಿಸಿ ಕುಡಿದಿದ್ದಳು. ಮಾರಲು ಒಯ್ದಿದ್ದ ಕೂದಲೆಣ್ಣೆಯನ್ನು ಅಲ್ಲೇ ಬಿಟ್ಟು, ಹಡಗು ಹತ್ತಿ, ಅರಕಲಗೂಡು ರಸ್ತೆಯ ಹಕ್ಕಿಪಿಕ್ಕಿ ಕಾಲೊನಿಗೆ ಬಂದು ಬಿದ್ದಿದ್ದಳು. ಆಗಲೂ ಅತ್ತಿರಲಿಲ್ಲ. ಈಗ ಬೆಂಗಳೂರಿನ ಮೋಹನ್‌ಕುಮಾರ್ ಸ್ಟ್ಯಾಂಡಿನ ಮೇಲೆ ಕ್ಯಾಮರಾ ಇಟ್ಟುಕೊಂಡು ಅಳಿ ಅನ್ನುತ್ತಿದ್ದ.

ಅವನು ಯುದ್ಧದಲ್ಲಿ ನೊಂದವರ ಬಗ್ಗೆ ಸಾಕ್ಷ್ಯಚಿತ್ರ ಮಾಡುವವನು. ಸಿನಿಮಾ ಬಂದರೆ ಸರ್ಕಾರ ನಿಮ್ಮ ಕಡೆ ತಿರುಗಿ ನೋಡುತ್ತದೆ ಎಂದಿದ್ದ. ಶಿವಗಂಗಮ್ಮನಿಗೆ ಅವಸರ ಬೇರೆ ಇತ್ತು. ದೀಪಾವಳಿ ಕಳೆದೊಡನೆ ಎಣ್ಣೆ ಹೊತ್ತು ಗಬಾನ್ ದೇಶಕ್ಕೆ ಹೊರಡಬೇಕಿತ್ತು. ಗೇಣು ನೆಲವಿಲ್ಲದ ಕಾಲೊನಿಗೆ ಪಾಸ್‌ಪೋರ್ಟೇ ಪಹಣಿ.

ಎರಡು ದಿನ ಅವನು ಅವಳನ್ನು ಅಳಿಸಲು ಹೆಣಗಿದ. ಜಡೆ ಬಿಚ್ಚಿಸಿದ. ಒಡೆದ ಗೋಡೆಯ ಮುಂದೆ ಕೂರಿಸಿದ. ಅದನ್ನು ಒಡೆದದ್ದು ಬಾಂಬಲ್ಲ, ಪಂಚಾಯ್ತಿಯ ಜೆಸಿಬಿ.

"ಗುಂಡಿನ ಸದ್ದು ನೆನಪು ಮಾಡ್ಕೊಳ್ಳಿ ಅಮ್ಮಾ."

"ಮಾಡ್ಕಂಡೆ ಸಾ, ನೀರು ಬರಾಕಿಲ್ಲ. ನಿಮ್ಗೇ ಮುಂದ್ಗಡೆ ಕೂದ್ಲು ಉದುರೋಗದೆ. ಬನ್ನಿ, ಎಣ್ಣೆ ಹಚ್ತೀನಿ."

ಅವನು ಕೂತ. ಗಿರಾಕಿಯ ತಲೆ ಉಜ್ಜುವಷ್ಟು ಹೊತ್ತೂ ಮಾತು ನಿಲ್ಲಬಾರದು, ನಿಂತರೆ ಗಿರಾಕಿ ಎದ್ದುಹೋಗುತ್ತಾನೆ. ಅದು ಕಾಲೊನಿಯ ಕಸುಬು. ಶಿವಗಂಗಮ್ಮನ ಬಾಯಿ ತಾನಾಗಿ ಓಡಿತು. ಎಣ್ಣೆಯ ಹೆಸರು ಎಷ್ಟು ದೇಶಕ್ಕೆ ಮುಟ್ಟಿದೆ, ಯಾರ ಮನೆಯವರು ಎಲ್ಲೆಲ್ಲಿ ಮಾರಿ ಬಂದರು, ಊರು ನೋಡುವ ವೀಸಾ ತೋರಿಸಿ ಏರ್‌ಪೋರ್ಟಿನ ಸಾಹೇಬರಿಗೆ ಏನು ಹೇಳಿ ದಾಟಿದರು, ಎಲ್ಲವನ್ನೂ ಹೆಸರು ಹಿಡಿದು ಹೇಳಿದಳು. ನಾದಿನಿ ಸುವರ್ಣಮ್ಮ ಸೊಂಟ ಚಿವುಟಿದರೂ ನಿಲ್ಲಲಿಲ್ಲ. ಕ್ಯಾಮರಾವೂ ನಿಲ್ಲಲಿಲ್ಲ.

ಸಿನಿಮಾ ಫೋನುಗಳಿಗೆ ಬಂತು. ಸರ್ಕಾರ ತಿರುಗಿ ನೋಡಿತು, ಜೀಪಿನಲ್ಲಿ ಬಂದು. ಸಬ್‌ಇನ್ಸ್‌ಪೆಕ್ಟರು ಫೋನು ಹಿಡಿದು, ಇದು ನೀನೇ ತಾನೆ ಎಂದು ಕೇಳಿದ.

"ನಾನೇಯ ಸಾ. ಕೆಳ್ಗೆ ಕುಂತಿರೋನು ಗಿರಾಕಿ."

ಊರು ನೋಡುವ ವೀಸಾದಲ್ಲಿ ವ್ಯಾಪಾರ ಮಾಡಿದ್ದು ತಪ್ಪು, ವಿಚಾರಣೆ ಮುಗಿಯುವವರೆಗೆ ಎಂದು, ಅವಳು ಹೆಸರು ಹೇಳಿದ್ದ ಮನೆಮನೆಗೂ ಹೋಗಿ ಪಾಸ್‌ಪೋರ್ಟ್ ಎತ್ತಿಕೊಂಡರು.

ಅವಳು ಮೋಹನ್‌ಕುಮಾರನಿಗೆ ಫೋನು ಮಾಡಿದಳು. ಅವನು ಯುರೋಪಿನಲ್ಲಿದ್ದ, ಅದೇ ಸಿನಿಮಾಕ್ಕೆ ಬಹುಮಾನ ತೆಗೆದುಕೊಳ್ಳಲು. ಆ ಮಾತುಗಳನ್ನು ಯಾಕೆ ತೆಗೆಯಲಿಲ್ಲ ಎಂದರೆ, ಸತ್ಯವನ್ನು ಕತ್ತರಿಸೋದು ತಪ್ಪಾಗುತ್ತಿತ್ತು ಎಂದ.

"ಅಲ್ಲಿಗೆ ನೀವು ಯಾವ ವೀಸಾದಲ್ಲಿ ಓಗಿದ್ದೀರಿ ಸಾ?"

"ವಿಸಿಟಿಂಗ್... ಅದು ಬೇರೆ ಅಮ್ಮಾ," ಎಂದು ಅವನು ಫೋನಿಟ್ಟ.

ಕಾಲೊನಿಯವರು ಅವಳನ್ನು ಬಾಯಿಗೆ ಬಂದಂತೆ ಬೈದರು. ಬೈದು ಸುಸ್ತಾದ ಮೇಲೆ ಅವಳನ್ನೇ ಮುಂದೆ ಬಿಟ್ಟುಕೊಂಡು ಠಾಣೆಗೆ ನಡೆದರು. ಒಳಗೆ ಬಿಡದಿದ್ದಾಗ ಬಾಗಿಲಿಗೆ ಅಡ್ಡವಾಗಿ ಕೂತರು. ಏಳಿ ಎಂದ ಪೇದೆಗೆ ಶಿವಗಂಗಮ್ಮ, "ಅನ್ನೊಂದು ದಿನ ಬಾಂಬಿನ ಕೆಳ್ಗೇ ಕುಂತಿದ್ದೋಳು ಕಣಪ್ಪ ನಾನು. ನಿನ್ ಲಾಠಿಗೆ ಎದ್ದೋದೀನಾ?" ಎಂದಳು.

ಹಾಗೆ ಕೂತು ಇವತ್ತಿಗೆ ಇಪ್ಪತ್ತಾರು ದಿನ. ಠಾಣೆಯೊಳಗೆ ಇರುವುದು ಹದಿನಾಲ್ಕು ಪಾಸ್‌ಪೋರ್ಟ್. ಒಂಬತ್ತು ಗಂಡಸರದು, ಐದು ಹೆಂಗಸರದು.