ಅರ್ಧ ತಲೆಯ ಅಪರಾಧ

"ಏಳನೇ ಕ್ಲಾಸೂ ದಾಟದ ಕತ್ತೆ ಕೈಗೆ ಕತ್ತರಿ ಕೊಟ್ಟೋರ್ಯಾರ್ರೀ?"

ಕೇಳಿದವನು ನನ್ನ ಮುಂದಿನ ಕುರ್ಚಿಯಲ್ಲೇ ಕೂತಿದ್ದ. ಅವನ ಕುತ್ತಿಗೆಗೆ ಬಿಳಿ ಬಟ್ಟೆ ಕಟ್ಟಿದವನು ನಾನೇ. ಅದರಡಿಯಿಂದ ಕೈ ಹೊರಗೆ ತೂರಿಸಿ ಗುರುತಿನ ಚೀಟಿ ತೋರಿಸುತ್ತಿದ್ದ. ಪುರಸಭೆಯ ಆರೋಗ್ಯ ನಿರೀಕ್ಷಕನಂತೆ. ಬೆಂಚಿನ ಮೇಲೆ ಸರದಿ ಕಾಯುತ್ತಿದ್ದ ಬಸ್ ಡ್ರೈವರೂ ಕೋರ್ಟಿನ ಮಾಜಿ ಗುಮಾಸ್ತರೂ ಪೇಪರ್ ಕೆಳಗಿಳಿಸಿದರು. ಮೂಲೆಯ ಸ್ಟೂಲಿನಲ್ಲಿದ್ದ ನನ್ನ ಸೋದರಮಾವ ಎದ್ದು ನಿಂತರು. ಅಂಗಡಿ ಅವರದು, ಗೋಡೆಗೆ ತೂಗಿಸಿದ್ದ ಲೈಸನ್ಸೂ ಅವರದು.

ತಪ್ಪು ನನ್ನ ಬಾಯಿಯದು. ಕತ್ತರಿ ಆಡುವಾಗ ಆತ ಸವಿಸವಿಯಾಗಿ ಮಾತಿಗೆಳೆದಿದ್ದ. ಎಷ್ಟು ಓದಿದೀಯ, ಎಷ್ಟು ವರ್ಷದಿಂದ ಈ ಕೆಲಸ, ಗೋಡೆ ಮೇಲಿನ ಲೈಸನ್ಸಿನ ಫೋಟೋದ ಮೀಸೆಯವರು ಯಾರು ಅಂತ. ನಾನು ಬಾಯಿಬಡುಕನಂತೆ ಎಲ್ಲವನ್ನೂ ಒಪ್ಪಿಸಿದ್ದೆ.

ನಮ್ಮೂರಿನ ನಿಯಮ ಹೀಗಿದೆ. ಇನ್ನೊಬ್ಬರ ತಲೆಗೆ ಕತ್ತರಿ ಹಾಕಲು ಲೈಸನ್ಸ್ ಬೇಕು, ಲೈಸನ್ಸ್ ಬೇಕಾದರೆ ಹತ್ತನೇ ಕ್ಲಾಸ್ ಪಾಸಾಗಿರಬೇಕು. ಮಾವನ ಲೈಸನ್ಸ್ ಆ ನಿಯಮಕ್ಕಿಂತ ಹಳೆಯದು. ಆದರೆ ಮಾವನಿಗೆ ಎರಡು ವರ್ಷದಿಂದ ಕೈ ನಡುಗುತ್ತದೆ. ಚಹಾದ ಲೋಟ ತುಟಿಗೆ ಮುಟ್ಟುವಷ್ಟರಲ್ಲಿ ಅರ್ಧ ಚಹಾ ಅಂಗಿ ಕುಡಿದಿರುತ್ತದೆ. ಆವತ್ತಿನಿಂದ ಅಂಗಡಿಯ ಕತ್ತರಿಯೆಲ್ಲ ನನ್ನದೇ. ನಿರೀಕ್ಷಕ ವರದಿ ಬರೆದರೆ ನಾನು ಮತ್ತೆ ಈ ಕುರ್ಚಿಯ ಹಿಂದೆ ನಿಲ್ಲುವ ಹಾಗಿಲ್ಲ. ನನಗೆ ಬರುವುದು ಇದೊಂದೇ ಕೆಲಸ, ಇಷ್ಟವಾದದ್ದೂ ಇದೊಂದೇ. ಕಿವಿಯ ಹಿಂದಿನ ಗೆರೆ ನೇರವಾಗಿ ಬಂದ ದಿನ ನನಗೆ ಊಟವೂ ಹೆಚ್ಚು ರುಚಿಸುತ್ತದೆ.

ಮೈಯೆಲ್ಲ ಉರಿಯಿತು. ಏನಾದರೂ ಅಂದುಬಿಡುತ್ತೇನೆ ಅಂತ ಗೊತ್ತಾಗಿ ಮಾವ ಕಣ್ಣಲ್ಲೇ ಗದರಿಸಿದರು.

ಅಷ್ಟರಲ್ಲಿ ಡ್ರೈವರ್ ಶುರು ಮಾಡಿದ. ಎರಡು ವರ್ಷದಿಂದ ತನ್ನ ತಲೆ ಇವನ ಕೈಯಲ್ಲೇ ಇದೆ, ಯಾರ ಕಿವಿಯೂ ಉದುರಿಲ್ಲ, ನಷ್ಟವಾದವರೇ ಇಲ್ಲದ ಮೇಲೆ ಅಪರಾಧ ಎಲ್ಲಿಂದ ಬಂತು ಅಂದ. ಗುಮಾಸ್ತರು ಕನ್ನಡಕ ಒರೆಸಿಕೊಂಡರು. ನಲವತ್ತು ವರ್ಷ ಕೋರ್ಟಿನ ಕಾಗದ ಜೋಡಿಸಿದವರು, ಬಿಡುತ್ತಾರೆಯೇ? ನಿಯಮ ಇರುವುದು ಆದದ್ದಕ್ಕಲ್ಲ, ಆಗಬಹುದಾದದ್ದಕ್ಕೆ ಅಂದರು. ತೊಳೆಯದ ಕತ್ತಿಯಿಂದ ಒಬ್ಬರ ರೋಗ ಇನ್ನೊಬ್ಬರಿಗೆ ಹತ್ತಿದರೆ ಆಗ ಯಾರನ್ನು ಹಿಡಿಯುವುದು?

"ನೀವೇ ಲೈಸನ್ಸ್ ಇಲ್ದೆ ಬಸ್ ಓಡ್ಸಿ ನೋಡಾಣ. ಯಾರಿಗೂ ಗುದ್ದಲ್ಲ ಅಂತ ಆಣೆ ಮಾಡಿದ್ರೂ ನಾನಂತೂ ಹತ್ತಲ್ಲ."

ಅವರು ಹೇಳಿದ್ದು ಸುಳ್ಳಲ್ಲ. ಅದಕ್ಕೇ ನನಗೆ ಇನ್ನಷ್ಟು ಸಿಟ್ಟು ಬಂತು.

ಡ್ರೈವರ್ ಗಡ್ಡ ಕೆರೆದುಕೊಂಡ. "ಹೌದ್ರಿ. ಆದ್ರೆ ನಂಗೆ ಬಸ್ ಓಡ್ಸಿ ತೋರ್ಸು ಅಂದ್ರು, ತೋರಿಸ್ದೆ, ಕೊಟ್ರು. ಇವನಿಗೆ ಕೂದಲು ಕತ್ತರ್ಸಿ ತೋರ್ಸು ಅಂತ ಯಾರಾದ್ರೂ ಅಂದಿದಾರಾ? ಭೂಗೋಳದಲ್ಲಿ ಎಷ್ಟು ಬಂತು ಅಂತ ಕೇಳ್ತಾರೆ. ಇವನೇನು ತಲೆ ಮೇಲೆ ನದಿ ಹುಡುಕ್ಬೇಕಾ?"

ನಾನು ವರ್ಷಗಟ್ಟಲೆ ಹಲ್ಲು ಕಚ್ಚಿಕೊಂಡು ಹುಡುಕುತ್ತಿದ್ದ ಮಾತು ಅದು. ಬಸ್ಸಿನವನ ಬಾಯಿಗೆ ಎಷ್ಟು ಸಲೀಸಾಗಿ ಬಂದುಬಿಟ್ಟಿತು!

ನಿಯಮ ತಾನು ಮಾಡಿದ್ದಲ್ಲ ಅಂದ ನಿರೀಕ್ಷಕ. ಅನ್ನುತ್ತಲೇ ಕನ್ನಡಿ ನೋಡಿದ, ಕೈ ತಲೆಗೆ ಹೋಯಿತು.

ನಮ್ಮ ಅಂಗಡಿಯ ಪದ್ಧತಿ ಬೇರೆ. ಉಳಿದವರು ತಲೆಯ ಸುತ್ತ ಸಮನಾಗಿ ಕತ್ತರಿಸುತ್ತ ಬರುತ್ತಾರೆ. ಮಾವ ಕಲಿಸಿದ್ದು ಒಂದು ಕಡೆಯನ್ನು ಪೂರ್ತಿ ಮುಗಿಸಿ ಆಮೇಲೆ ಇನ್ನೊಂದಕ್ಕೆ ಹೋಗುವುದು. ನಡುವೆ ಕನ್ನಡಿಯಲ್ಲಿ ಗಿರಾಕಿ ಹಳೆಯದನ್ನೂ ಹೊಸದನ್ನೂ ಅಕ್ಕಪಕ್ಕ ನೋಡಿ ಖುಷಿಪಡಲಿ ಅಂತ. ನಿರೀಕ್ಷಕನ ಬಲಗಡೆ ಮದುವೆ ಗಂಡಿನ ಹಾಗಿತ್ತು. ಎಡಗಡೆ ಆರು ವಾರದ ಪೊದೆ. ಸಾಕ್ಷಿ ಗಟ್ಟಿಯಾಗಲಿ ಅಂತ ಅವನು ಬೇಕೆಂದೇ ಅರ್ಧದವರೆಗೆ ಕಾದಿದ್ದ. ಅರ್ಧ ಅಂದರೆ ನಮ್ಮಲ್ಲಿ ಏನು ಅಂತ ಅವನಿಗೇನು ಗೊತ್ತು?

"ಇಷ್ಟೊತ್ತು ನಷ್ಟ ಆದೋರು ಯಾರೂ ಇರ್ಲಿಲ್ಲ," ಅಂದ ಡ್ರೈವರ್. "ಈಗ ಒಬ್ರು ಸಿಕ್ರು ನೋಡಿ."

ಉಳಿದರ್ಧವನ್ನು ಯಾರು ಮುಗಿಸಬೇಕು ಅಂತ ನಿರೀಕ್ಷಕ ಗುಮಾಸ್ತರನ್ನೇ ಕೇಳಿದ. ಕಾನೂನಿನ ಪ್ರಕಾರ ಲೈಸನ್ಸ್ ಇದ್ದವರೇ ಮುಗಿಸಬೇಕು ಅಂದರು ಅವರು, ಮುಖದಲ್ಲಿ ಒಂದು ಗೆರೆಯೂ ಅಲ್ಲಾಡಿಸದೆ.

ಮಾವ ಔಷಧಿ ಹಾಕಿದ ನೀರಲ್ಲಿ ಕೈ ತೊಳೆದರು. ಒರೆಸಿಕೊಂಡರು. ನನ್ನ ಕೈಯಿಂದ ಕತ್ತರಿ ತೆಗೆದುಕೊಂಡರು. ಕತ್ತರಿಯ ತುದಿ ಗಾಳಿಯಲ್ಲಿ ನೊಣ ಹಿಡಿಯುವ ಹಾಗೆ ಕುಣಿಯುತ್ತ ನಿರೀಕ್ಷಕನ ಎಡಗಿವಿಯ ಕಡೆ ಹೊರಟಿತು. ಆತ ಕುರ್ಚಿಯಲ್ಲೇ ಬಲಕ್ಕೆ ವಾಲಿದ.

ನಾನು ಕೈಕಟ್ಟಿ ನಿಂತೆ. ಸುಳ್ಳೇಕೆ ಹೇಳಲಿ, ಆ ಕಿವಿಗೆ ಒಂದಿಷ್ಟು ಬುದ್ಧಿ ಬರಲಿ ಅಂತಲೇ ಕಾಯುತ್ತಿದ್ದೆ. ಆಮೇಲೆ ಕನ್ನಡಿಯಲ್ಲಿ ಮಾವನ ಮುಖ ಕಂಡಿತು. ಅವರಿಗೆ ನಿರೀಕ್ಷಕನ ಹೆದರಿಕೆ ಇರಲಿಲ್ಲ, ನಾಚಿಕೆಯಾಗುತ್ತಿತ್ತು. ಮೂವತ್ತು ವರ್ಷ ಈ ಊರಿನ ತಲೆಗಳನ್ನು ನೋಡಿಕೊಂಡ ಕೈ ಬೆಂಚಿನವರ ಎದುರು ಹೀಗೆ ಆಡುತ್ತಿತ್ತು. ಡ್ರೈವರೂ ಗುಮಾಸ್ತರೂ ತಟ್ಟನೆ ಪೇಪರಿನ ಹಿಂದೆ ಸೇರಿಕೊಂಡರು.

ನಾನು ಹಿಂದಿನಿಂದ ಹೋಗಿ ಮಾವನ ಮಣಿಕಟ್ಟಿನ ಅಡಿಗೆ ಅಂಗೈ ಕೊಟ್ಟೆ. ನನಗೆ ಕಲಿಸುವಾಗ ಅವರು ಹೀಗೇ ಕೈ ಕೊಡುತ್ತಿದ್ದರು. ನಡುಕ ನನ್ನ ಅಂಗೈಗೆ ಇಳಿಯಿತು, ಕತ್ತರಿಯ ಕುಣಿತ ನಿಂತಿತು.

"ಭಾರ ಬಿಡು ಮಾವ," ಅಂದೆ.

"ಬಿಟ್ಟಿದೀನಿ ಕಣೋ ಅಳಿಯ. ಬಾಚಣಿಗೆ ಎತ್ತು."

ಅರ್ಧ ಗಂಟೆ ಹಿಡಿಯಿತು. ಕತ್ತರಿ ಮಾವನದು, ಬಾಚಣಿಗೆ ನನ್ನದು. ಬೆಂಚಿನ ಮೇಲೆ ವಾದ ಮತ್ತೆ ಎದ್ದಿತ್ತು. ಬೆರಳಿಗೆ ಲೈಸನ್ಸ್ ಇದೆ, ಮಣಿಕಟ್ಟು ಹಿಡಿದ ಅಂಗೈಗೆ ಇಲ್ಲ, ಹಾಗಾದರೆ ಇದು ಎಷ್ಟು ಪಾಲು ಅಪರಾಧ ಅಂತ. ಮಾವ ಶಿಳ್ಳೆ ಹಾಕುತ್ತಿದ್ದರು. ಅವರ ಶಿಳ್ಳೆ ಕೇಳಿ ಎರಡು ವರ್ಷವಾಗಿತ್ತು. ಕೈ ಹಿಡಿದು ನಿಂತ ನನಗೆ ಒಳಗಿನ ಉರಿಯಲ್ಲೂ ಒಂಥರಾ ಹಿತವಾಗಿತ್ತು.

ಮುಗಿದ ಮೇಲೆ ನಿರೀಕ್ಷಕ ಪುಸ್ತಕ ತೆಗೆದು ಬರೆದ. ಬರೆದದ್ದನ್ನು ಗುಮಾಸ್ತರು ಕನ್ನಡಕ ಏರಿಸಿ ಎಲ್ಲರಿಗೂ ಓದಿದರು. ಲೈಸನ್ಸ್ ಉಳ್ಳವರೇ ಕತ್ತರಿಸಿದರು, ಸಹಾಯಕ ಕೈ ಹಿಡಿದುಕೊಂಡಿದ್ದ, ದೂರಿಗೆ ಆಸ್ಪದವಿಲ್ಲ. ಕೈ ಹಿಡಿಯಬಾರದು ಅಂತ ಯಾವ ನಿಯಮವೂ ಇಲ್ಲ ಅಂತ ತಮ್ಮ ಮಾತಿನ ಮುದ್ರೆಯನ್ನೂ ಒತ್ತಿದರು. ಬಲಗಡೆಯ ಕಥೆ ಏನು ಅಂತ ಡ್ರೈವರ್ ಕೆಣಕಿದ.

"ಆಗ ನಾನು ಕಣ್ಣು ಮುಚ್ಕೊಂಡಿದ್ದೆ ಕಣ್ರೀ. ಕೂದಲು ಬೀಳ್ತಿತ್ತು," ಅಂದ ನಿರೀಕ್ಷಕ.

ಮಾವ ಬಿದ್ದೂ ಬಿದ್ದೂ ನಕ್ಕರು. ಡ್ರೈವರನ್ನು ಕುರ್ಚಿಗೆ ಕರೆದರು. ನನ್ನ ಕುರ್ಚಿ ನನಗೇ ಉಳಿಯಿತು.

ನಿರೀಕ್ಷಕ ಹೊರಡುವವನು ಬಾಗಿಲವರೆಗೆ ಹೋಗಿ, ತಿರುಗಿ ನನ್ನ ಪಕ್ಕಕ್ಕೆ ಬಂದ. ಬೈದಾಗ ಬೀದಿಗೆಲ್ಲ ಕೇಳುವ ಹಾಗೆ ಬೈದಿದ್ದವನು ಈಗ ನನಗಷ್ಟೇ ಕೇಳುವ ಹಾಗೆ ಬಾಗಿದ.

"ಬಲಗಡೆ ಭಾಳ ಚೆನ್ನಾಗ್ ಬಂದಿದೆಯಪ್ಪ. ಮುಂದಿನ್ಸಲಾನೂ ನೀನೇ ಮಾಡ್ಕೊಡ್ತೀಯಾ?"

ಕತ್ತೆ ಅನ್ನುವ ಮಾತು ಇನ್ನೂ ಕಿವಿಯಲ್ಲೇ ಇತ್ತು. ಮರುಮಾತು ನಾಲಿಗೆಯ ತುದಿವರೆಗೆ ಬಂತು, ಅದೂ ಒಂದಲ್ಲ, ಹತ್ತು. ನಾನು ಕುರ್ಚಿಯ ಬೆನ್ನಿಗಿದ್ದ ಬಿಳಿ ಬಟ್ಟೆಯನ್ನು ಕೂದಲ ಸಮೇತ ಮಡಚಿ ಹೆಗಲಿಗೆ ಹಾಕಿಕೊಂಡೆ. ಅವನನ್ನು ಅಲ್ಲೇ ಕಾಯಲು ಬಿಟ್ಟು, ಅದನ್ನು ಕೊಡವಿಕೊಂಡು ಬರಲು ಹಿತ್ತಿಲ ಕಡೆ ನಡೆದೆ.